ಮಾಂಜ್ರಾ ಸೀಮೆಯಲ್ಲಿ ಮಳೆ ಲೆಕ್ಕ ತಪ್ಪಿದ್ದು ಹೇಗೆ

2016ರ ಏಪ್ರಿಲ್ 12ರಂದು ಮೀರಜ್‌ನಿಂದ ಹೊರಟ ನೀರಿನ ರೈಲು ಲಾತೂರ್ ಮುಟ್ಟಿತು. ಹತ್ತು ವ್ಯಾಗನ್, ಸುಮಾರು ಐದು ಲಕ್ಷ ಲೀಟರ್. ಲಾತೂರಿಗೆ ಕುಡಿಯುವ ನೀರು ಕೊಡುವ ಧನೇಗಾಂವದ ಮಾಂಜ್ರಾ ಅಣೆಕಟ್ಟು ತಳ ಕಂಡಿತ್ತು. ಇದೇ ಮಾಂಜ್ರಾ ಮುಂದೆ ಗಡಿ ದಾಟಿ ಬೀದರ್ ಜಿಲ್ಲೆಗೆ ಬರುತ್ತದೆ. ಭಾಲ್ಕಿ ತಾಲ್ಲೂಕಿನ ಮೆಹಕರದ ಕಡೆಯವರಿಗೂ, ಔರಾದ್ ಕಡೆಯವರಿಗೂ ಹೊಳೆ ಅಂದರೆ ಇದೇ. ಮೇಲಿನವರೇ ರೈಲಿನ ನೀರಿಗೆ ಕಾದು ಕುಳಿತ ಬೇಸಿಗೆಯಲ್ಲಿ ಕೆಳಗಿನವರ ಗತಿ ಬಿಡಿಸಿ ಹೇಳಬೇಕಾಗಿಲ್ಲ. ಐದು ತಿಂಗಳು ಕಳೆದವು. ಸೆಪ್ಟೆಂಬರ್ ಕೊನೆಗೆ ಅದೇ ಸೀಮೆಯ ಮೇಲೆ ಮಳೆ ಬಿಡದೆ ಹೊಡೆಯಿತು. ಅಣೆಕಟ್ಟು ತುಂಬಿತು, ಹೊಳೆ ದಂಡೆ ಮೀರಿತು, ರಾಶಿಗೆ ಬಂದ ಸೋಯಾ ನೀರಲ್ಲಿ ನಿಂತಿತು.

ಒಣ ಬರ, ಹಸಿ ಬರ ಎರಡೂ ಒಂದೇ ವರ್ಷದಲ್ಲಿ, ಒಂದೇ ಹೊಳೆಯ ದಂಡೆಯಲ್ಲಿ. ಆಮೇಲೂ ಇದೇ ಆಟ ನಡೆದಿದೆ. 2023ರಲ್ಲಿ ಕರ್ನಾಟಕದ 223 ತಾಲ್ಲೂಕುಗಳನ್ನು ಬರಪೀಡಿತ ಎಂದು ಘೋಷಿಸಬೇಕಾಯಿತು. 2025ರ ಆಗಸ್ಟ್, ಸೆಪ್ಟೆಂಬರ್‌ನಲ್ಲಿ ಬೀದರ್ ಜಿಲ್ಲೆಯಲ್ಲಿ ಅತಿವೃಷ್ಟಿ. ಉದ್ದು, ಹೆಸರು, ಸೋಯಾ, ತೊಗರಿ ಎಲ್ಲವೂ ನೀರುಪಾಲು. ಜಿಲ್ಲೆಯ ವಾಡಿಕೆ ಮಳೆ ವರ್ಷಕ್ಕೆ ಸುಮಾರು 850 ಮಿ.ಮೀ. ರಾಯಚೂರು, ಕೊಪ್ಪಳದವರು ಕೇಳಿದರೆ ಹೊಟ್ಟೆಕಿಚ್ಚು ಪಡುವಷ್ಟು ಮಳೆ. ಇಷ್ಟು ಮಳೆಯ ನಾಡಿನಲ್ಲಿ ರೈತ ಯಾಕೆ ಒಂದು ವರ್ಷ ಮುಗಿಲು ನೋಡಿ ಅಳುತ್ತಾನೆ, ಇನ್ನೊಂದು ವರ್ಷ ಹೊಲ ನೋಡಿ ಅಳುತ್ತಾನೆ? ಜಾಗತಿಕ ತಾಪಮಾನ ಏರಿಕೆ ಅಂದ ಕೂಡಲೇ ನಾವು ಬಿಸಿಲಿನ ಬಗ್ಗೆ ಮಾತಾಡುತ್ತೇವೆ. ಈ ಸೀಮೆಯಲ್ಲಿ ಆ ಬಿಸಿ ಹೊಲಕ್ಕೆ ಇಳಿಯುವುದು ಬಿಸಿಲಿಗಿಂತ ಹೆಚ್ಚಾಗಿ ನೀರಿನ ಮೂಲಕ.

ಮೊದಲು ಬಿಸಿ ಏರುವುದು ಹೇಗೆ ಎಂಬುದು. ಇದಕ್ಕೆ ಪ್ರಯೋಗಾಲಯ ಬೇಡ, ಬೀದರಿನ ಚಳಿಗಾಲ ಸಾಕು. ಡಿಸೆಂಬರ್‌ನಲ್ಲಿ ರಾಜ್ಯದಲ್ಲೇ ಅತಿ ಕಡಿಮೆ ಉಷ್ಣಾಂಶ ಬೀದರ್‌ನಲ್ಲಿ ದಾಖಲಾಗುವುದು ಹೊಸ ಸುದ್ದಿಯೇನಲ್ಲ. ಆ ರಾತ್ರಿಗಳನ್ನು ಗಮನಿಸಿದವರಿಗೆ ಗೊತ್ತು: ಆಕಾಶ ತಿಳಿಯಾಗಿ ನಕ್ಷತ್ರ ತುಂಬಿದ್ದರೆ ಬೆಳಗಿನ ಜಾವ ಕೈಕಾಲು ಸೆಟೆಯುವ ಚಳಿ, ಅದೇ ವಾರ ಒಂದು ದಿನ ಮೋಡ ಕವಿದರೆ ಚಳಿ ಮಾಯ. ಹಗಲು ಕಾದ ನೆಲ ರಾತ್ರಿ ತನ್ನ ಶಾಖವನ್ನು ಕಣ್ಣಿಗೆ ಕಾಣದ ಕಿರಣವಾಗಿ ಆಕಾಶಕ್ಕೆ ಬಿಡುತ್ತದೆ. ಗಾಳಿ ಒಣಗಿದ್ದರೆ ಅದರಲ್ಲಿ ಹೆಚ್ಚಿನ ಪಾಲು ಹೊರಗೆ ಹೋಗುತ್ತದೆ. ಮೋಡ, ನೀರಾವಿ ಇದ್ದರೆ ಅವು ಆ ಶಾಖವನ್ನು ಹೀರಿ ಒಂದಷ್ಟನ್ನು ಮತ್ತೆ ನೆಲಕ್ಕೇ ಕಳಿಸುತ್ತವೆ. ಇಂಗಾಲದ ಡೈಆಕ್ಸೈಡ್ ಮಾಡುವುದೂ ಇದೇ ಕೆಲಸ. ಒಂದೇ ವ್ಯತ್ಯಾಸವೆಂದರೆ ನೀರಾವಿ ಹೆಚ್ಚಾದರೆ ಕೆಲವು ದಿನಗಳಲ್ಲಿ ಮಳೆಯಾಗಿ ಇಳಿದುಬಿಡುತ್ತದೆ. ಇಂಗಾಲದ ಡೈಆಕ್ಸೈಡ್ ಹಾಗೆ ಇಳಿಯುವುದಿಲ್ಲ. ನಾವು ಇಂದು ಬಿಟ್ಟದ್ದರಲ್ಲಿ ಒಂದು ಪಾಲು ನೂರಾರು ವರ್ಷ ಅಲ್ಲೇ ಇರುತ್ತದೆ.

ಈ ಅನಿಲ ಶಾಖ ಹಿಡಿಯುತ್ತದೆ ಎಂಬುದನ್ನು 1856ರಲ್ಲಿ ಅಮೆರಿಕದ ಯೂನಿಸ್ ಫೂಟ್ ಎಂಬ ಮಹಿಳೆ ಗಾಜಿನ ಕೊಳವೆಗಳನ್ನು ಬಿಸಿಲಿಗಿಟ್ಟು ತೋರಿಸಿದ್ದಳು. 1896ರಲ್ಲಿ ಸ್ವೀಡನ್ನಿನ ಸ್ವಾಂಟೆ ಅರೇನಿಯಸ್ ಕಲ್ಲಿದ್ದಲು ಸುಟ್ಟರೆ ಭೂಮಿ ಎಷ್ಟು ಬಿಸಿಯಾದೀತು ಎಂದು ಕೈಲೆಕ್ಕ ಹಾಕಿದ. ಹವಾಯಿಯ ಮೌನಾ ಲೋವಾ ಬೆಟ್ಟದ ಮೇಲೆ 1958ರಿಂದ ನಿತ್ಯದ ಅಳತೆ ನಡೆದಿದೆ. ಆಗ ಗಾಳಿಯ ಹತ್ತು ಲಕ್ಷ ಭಾಗದಲ್ಲಿ ಸುಮಾರು 315 ಭಾಗ ಈ ಅನಿಲವಿತ್ತು. ಈಗ 420 ದಾಟಿದೆ. ಕಾರ್ಖಾನೆಗಳ ಕಾಲಕ್ಕೆ ಮುಂಚೆ ಇದ್ದದ್ದು 280. ಆ ಕಾಲಕ್ಕೆ ಹೋಲಿಸಿದರೆ 2024ರಲ್ಲಿ ಜಗತ್ತಿನ ಸರಾಸರಿ ಉಷ್ಣಾಂಶ ಸುಮಾರು 1.55 ಡಿಗ್ರಿ ಸೆಲ್ಸಿಯಸ್ ಹೆಚ್ಚಿತ್ತು ಎಂದು ವಿಶ್ವ ಹವಾಮಾನ ಸಂಸ್ಥೆ ಲೆಕ್ಕ ಕೊಟ್ಟಿದೆ. ಅಳತೆ ಶುರುವಾದ ಮೇಲೆ ಅಷ್ಟು ಬಿಸಿಯಾದ ವರ್ಷ ಇನ್ನೊಂದಿರಲಿಲ್ಲ.

ಯಾರು ಸುಟ್ಟಿದ್ದು? ಕಲ್ಲಿದ್ದಲು, ಪೆಟ್ರೋಲ್-ಡೀಸೆಲ್, ನೈಸರ್ಗಿಕ ಅನಿಲ, ಸಿಮೆಂಟು, ಕಾಡುನಾಶ: ಕಾರಣಗಳ ಪಟ್ಟಿ ಶಾಲೆಯ ಮಕ್ಕಳಿಗೂ ಬಾಯಿಪಾಠ. ಪಾಲು ಮಾತ್ರ ಸಮನಾಗಿಲ್ಲ. ಭಾರತದಲ್ಲಿ ತಲೆಗೆ ವರ್ಷಕ್ಕೆ ಸುಮಾರು ಎರಡು ಟನ್ ಇಂಗಾಲದ ಡೈಆಕ್ಸೈಡ್. ಜಗತ್ತಿನ ಸರಾಸರಿ ಅದರ ಎರಡು ಪಟ್ಟಿಗೂ ಹೆಚ್ಚು. ಅಮೆರಿಕದ್ದು ಏಳು ಪಟ್ಟು ಹತ್ತಿರ. ಮೆಹಕರದ ಮೂರೆಕರೆ ರೈತನ ಪಾಲು ಈ ಎರಡು ಟನ್ನಿಗೂ ಕಡಿಮೆಯೇ ಇದ್ದೀತು. ಹಾಗಂತ ಸೊನ್ನೆಯಲ್ಲ. ಐದು ಎಚ್‌ಪಿ ಪಂಪು ದಿನಕ್ಕೆ ಏಳು ತಾಸು ಓಡಿದರೆ ಸುಮಾರು 26 ಯೂನಿಟ್ ಕರೆಂಟು. ನಮ್ಮ ಕರೆಂಟಿನ ಮುಕ್ಕಾಲು ಪಾಲು ಇನ್ನೂ ಕಲ್ಲಿದ್ದಲಿನದು. ದೇಶದ ಸರಾಸರಿಯಲ್ಲಿ ಒಂದು ಯೂನಿಟ್ಟಿಗೆ ಸುಮಾರು 0.7 ಕೆ.ಜಿ. ಇಂಗಾಲದ ಡೈಆಕ್ಸೈಡ್ ಹೊರಬೀಳುತ್ತದೆ. ಅಂದರೆ ಒಂದು ಪಂಪಿನ ಒಂದು ದಿನಕ್ಕೆ 18 ಕೆ.ಜಿ., ಅದು ಹೊರಬೀಳುವುದು ರಾಯಚೂರಿನ ಶಕ್ತಿನಗರದಂಥ ಕಡೆಯ ಚಿಮಣಿಗಳಿಂದ. ಇದಲ್ಲದೆ ಹೊಲಕ್ಕೆ ಹಾಕಿದ ಯೂರಿಯಾ ಬೆಳೆಗೆ ಸಿಗದೆ ಉಳಿದಾಗ, ಅದರಲ್ಲೂ ನೀರು ನಿಂತ ಮಣ್ಣಿನಲ್ಲಿ, ಒಂದು ಪಾಲು ನೈಟ್ರಸ್ ಆಕ್ಸೈಡ್ ಆಗಿ ಗಾಳಿಗೆ ಸೇರುತ್ತದೆ. ತೂಕಕ್ಕೆ ತೂಕ ನೋಡಿದರೆ ಅದು ಇಂಗಾಲದ ಡೈಆಕ್ಸೈಡ್‌ಗಿಂತ ಸುಮಾರು 270 ಪಟ್ಟು ಶಾಖ ಹಿಡಿಯುವ ಅನಿಲ.

ಒಂದೂವರೆ ಡಿಗ್ರಿ ಏನು ಮಹಾ, ಬೀದರಿನಲ್ಲಿ ಬೆಳಿಗ್ಗೆಗೂ ಮಧ್ಯಾಹ್ನಕ್ಕೂ ಹದಿನೈದು ಡಿಗ್ರಿ ವ್ಯತ್ಯಾಸ ಇರುತ್ತದಲ್ಲ ಎಂದು ಕೇಳಬಹುದು. ಉತ್ತರ ಇರುವುದು ಗಾಳಿಯ ಬಾಯಾರಿಕೆಯಲ್ಲಿ. ಗಾಳಿ ಒಂದು ಡಿಗ್ರಿ ಬಿಸಿಯಾದರೆ ಅದು ಹಿಡಿದಿಡಬಲ್ಲ ನೀರಾವಿ ಸುಮಾರು ಶೇ 7ರಷ್ಟು ಹೆಚ್ಚುತ್ತದೆ. ಮಳೆ ಬರುವ ಹೊತ್ತಿಗೆ ಮೋಡದಲ್ಲಿ ಸರಕು ಜಾಸ್ತಿ, ಹಾಗಾಗಿ ಬಂದರೆ ಜೋರು. ಬರದ ಹೊತ್ತಿನಲ್ಲಿ ಅದೇ ಗಾಳಿ ನೆಲದಿಂದ, ಎಲೆಯಿಂದ, ಕೆರೆಯಿಂದ ಹೆಚ್ಚು ನೀರು ಎಳೆದುಕೊಳ್ಳುತ್ತದೆ. ಒಣ ಬರವನ್ನೂ ಹಸಿ ಬರವನ್ನೂ ಬಲಪಡಿಸುವುದು ಈ ಒಂದೇ ನಿಯಮ. ಕೇಂದ್ರ ಭೂವಿಜ್ಞಾನ ಸಚಿವಾಲಯ 2020ರಲ್ಲಿ ಹೊರತಂದ ವರದಿ ಈ ಮಾತಿಗೆ ಅಂಕಿ ಕೊಡುತ್ತದೆ: 1951ರಿಂದ 2015ರವರೆಗೆ ದೇಶದ ಮುಂಗಾರು ಮಳೆ ಒಟ್ಟಾರೆ ಸುಮಾರು ಶೇ 6ರಷ್ಟು ಇಳಿದಿದೆ, ಅದೇ ಅವಧಿಯಲ್ಲಿ ಮಧ್ಯ ಭಾರತದಲ್ಲಿ ಒಂದೇ ದಿನ 150 ಮಿ.ಮೀ. ಮೀರಿ ಸುರಿಯುವ ಪ್ರಸಂಗಗಳು ಸುಮಾರು ಶೇ 75ರಷ್ಟು ಏರಿವೆ. ಅರಬ್ಬಿ ಸಮುದ್ರ ಬಿಸಿಯಾಗುತ್ತಿರುವುದರಿಂದ ಅಲ್ಲಿಂದ ಬರುವ ಗಾಳಿಗೆ ನೀರಾವಿಯ ಕೊರತೆಯೂ ಇಲ್ಲ.

ಇಲ್ಲಿ ಒಂದು ಎಚ್ಚರ ಬೇಕು. ಪ್ರತಿಯೊಂದು ಬರಕ್ಕೂ, ಪ್ರತಿಯೊಂದು ನೆರೆಗೂ ತಾಪಮಾನ ಏರಿಕೆಯೇ ಕಾರಣ ಎಂದುಬಿಡುವುದು ಈಗ ಫ್ಯಾಷನ್ ಆಗಿದೆ; ಆಡಳಿತಕ್ಕೆ ಅದು ಅನುಕೂಲದ ಮಾತೂ ಹೌದು. 2015ರಲ್ಲಿ ಪ್ರಬಲ ಎಲ್ ನಿನೊ ಇತ್ತು, 2023ರಲ್ಲೂ ಇತ್ತು. ಪೆಸಿಫಿಕ್ ಸಮುದ್ರದ ಈ ಏರುಪೇರು ಹಿಂದಿನಿಂದಲೂ ಇದ್ದದ್ದು, ಅದು ಬಂದ ವರ್ಷ ಮುಂಗಾರು ಸೊರಗುವುದೂ ಹಿಂದಿನಿಂದ ಇದ್ದದ್ದು. ಬಿಸಿಯಾದ ಗಾಳಿ ಆ ಹಳೆಯ ಏರುಪೇರಿನ ಮೇಲೆ ಕುಳಿತು ಒಣಗಿದ್ದನ್ನು ಇನ್ನಷ್ಟು ಒಣಗಿಸುತ್ತದೆ. ಲಾತೂರಿನ ಅಣೆಕಟ್ಟು ಬತ್ತಿದ್ದರಲ್ಲಿ ಕಬ್ಬಿನ ಪಾಲೂ ಇತ್ತು. ಆ ಮಾತು ಮುಂದೆ ಬರುತ್ತದೆ.

ಈಗ ನೆಲಕ್ಕೆ ಇಳಿಯೋಣ. ಒಂದು ಎಕರೆ ಮೇಲೆ ಒಂದು ಮಿ.ಮೀ. ಮಳೆ ಅಂದರೆ ಸುಮಾರು ನಾಲ್ಕು ಸಾವಿರ ಲೀಟರ್. ಒಂದು ರಾತ್ರಿ 100 ಮಿ.ಮೀ. ಬಿದ್ದರೆ ಎಕರೆಗೆ ನಾಲ್ಕು ಲಕ್ಷ ಲೀಟರ್, ಲಾತೂರಿಗೆ ಬಂದ ಆ ಮೊದಲ ರೈಲಿಗೆ ಹತ್ತಿರ ಹತ್ತಿರ. ಅಷ್ಟು ನೀರನ್ನು ಎರೆ ಹೊಲ ಏನು ಮಾಡುತ್ತದೆ? ಬೇಸಿಗೆಯಲ್ಲಿ ಈ ಕರಿ ಮಣ್ಣು ಕೈ ಹೋಗುವಷ್ಟು ಅಗಲ ಬಿರುಕು ಬಿಡುತ್ತದೆ. ಮೊದಲ ಮಳೆ ಆ ಬಿರುಕಿನಲ್ಲಿ ಇಳಿದು ಹೋಗುತ್ತದೆ, ಒಳ್ಳೆಯದು. ಮಣ್ಣು ನೀರು ಕುಡಿದಂತೆ ಉಬ್ಬುತ್ತದೆ, ಬಿರುಕು ಮುಚ್ಚುತ್ತದೆ. ಒಮ್ಮೆ ಮುಚ್ಚಿದ ಮೇಲೆ ಅದು ಒಂದು ತಾಸಿಗೆ ಕೆಲವೇ ಮಿ.ಮೀ. ನೀರನ್ನು ಮಾತ್ರ ಒಳಗೆ ಬಿಡುತ್ತದೆ. ಮಳೆ ತಾಸಿಗೆ ಮೂವತ್ತು ನಲವತ್ತು ಮಿ.ಮೀ. ಬೀಳುತ್ತಿದ್ದರೆ ಉಳಿದದ್ದು ಮೇಲ್ಮಣ್ಣು ಕೊಚ್ಚಿಕೊಂಡು ಹಳ್ಳ ಸೇರುತ್ತದೆ, ಇಲ್ಲವೇ ಸಾಲಿನಲ್ಲಿ ನಿಲ್ಲುತ್ತದೆ. ನಿಂತ ನೀರಿನ ಕೆಳಗೆ ಬೇರಿಗೆ ಉಸಿರಿಲ್ಲ. ಎರಡು ಮೂರು ದಿನಕ್ಕೆ ಸೋಯಾ ಎಲೆ ಹಳದಿ ತಿರುಗುತ್ತದೆ. ಹದಿನೈದು ದಿನಗಳಲ್ಲಿ ಹಂಚಿ ಬಂದಿದ್ದರೆ ಇದೇ 100 ಮಿ.ಮೀ. ಹೊಲಕ್ಕೆ ಹಬ್ಬವಾಗುತ್ತಿತ್ತು. ಮಳೆಮಾಪನ ಕೇಂದ್ರದ ಪುಸ್ತಕದಲ್ಲಿ ಮಾತ್ರ ಎರಡೂ ಒಂದೇ ಅಂಕಿ. ‘ವಾಡಿಕೆಯಷ್ಟೇ ಮಳೆಯಾಗಿದೆ’ ಎಂಬ ಸರಕಾರಿ ಮಾತು ಸುಳ್ಳಲ್ಲ, ಆದರೆ ಅದರಿಂದ ರೈತನಿಗೆ ಏನೂ ತಿಳಿಯುವುದಿಲ್ಲ.

ವರ್ಷವನ್ನು ಮಿರಗದಿಂದ ಹಿಡಿಯಬೇಕು. ಜೂನ್ 7ರ ಹೊತ್ತಿಗೆ ಮೃಗಶಿರಾ ಹೊಕ್ಕಿತೆಂದರೆ ಕೂರಿಗೆ ಹೊರಬೀಳಬೇಕು ಎಂಬುದು ಅಜ್ಜಂದಿರ ಲೆಕ್ಕ. ಈಗ ಮಿರಗಕ್ಕೆ ಒಂದು ಹದ ಮಳೆ ಬರುತ್ತದೆ, ಬಿತ್ತುತ್ತಾರೆ, ಆಮೇಲೆ ಆರಿದ್ರದ ತನಕ ಮುಗಿಲು ಬೋಳು. ಮೊಳಕೆ ಒಣಗಿ ಎರಡನೇ ಸಲ ಬೀಜ ತರುವ ಖರ್ಚು ಹೆಗಲೇರುತ್ತದೆ. ಸೋಯಾ ಬೀಜ ಎಕರೆಗೆ 25ರಿಂದ 30 ಕೆ.ಜಿ. ಬೇಕು, ಒಂದೆರಡು ಕೆ.ಜಿ.ಯ ಮಾತಲ್ಲ. ಜುಲೈ ಆಗಸ್ಟ್‌ನಲ್ಲಿ ಹೂವಾಡುವ ಹೊತ್ತಿಗೆ ಎರಡು ಮೂರು ವಾರ ಬಿಡುವಾದರೆ ಹೂ ಉದುರುತ್ತದೆ. ಉದ್ದು, ಹೆಸರು ಆಗಸ್ಟ್ ಕೊನೆಗೆ ಬಿಡಿಸುವ ಹೊತ್ತಿಗೆ ಮಳೆ ಹಿಡಿದರೆ ಕಾಯಿಯಲ್ಲೇ ಮೊಳಕೆ. ಸೆಪ್ಟೆಂಬರ್ ಕೊನೆಗೆ ಸೋಯಾ ಕೊಯ್ದು ಬಣವೆ ಒಟ್ಟಿದ ಮೇಲೂ ಭರವಸೆ ಇಲ್ಲ. ತಾಡಪತ್ರಿ ಕೆಳಗೆ ಬಣವೆ ಬಿಸಿಯೇರಿ ಕಾಳು ಕಪ್ಪಾಗುತ್ತದೆ.

ಆ ಕಪ್ಪು ಕಾಳಿನ ಬೆಲೆ ತಿಳಿಯಬೇಕಾದರೆ ಹಂಗಾಮಿನಲ್ಲಿ ಅಡತಿ ಅಂಗಡಿಯ ಮುಂದೆ ಒಂದು ತಾಸು ನಿಲ್ಲಬೇಕು. ಚೀಲಕ್ಕೆ ಬಂಬು ಚುಚ್ಚಿ ಹಿಡಿಕಾಳು ತೆಗೆಯುತ್ತಾರೆ, ಅಂಗೈ ಮೇಲೆ ಹರಡಿ ಬೆರಳಿನಿಂದ ಕೆದಕುತ್ತಾರೆ, ಒಂದನ್ನು ಹಲ್ಲಿನಲ್ಲಿ ಕಡಿದು ನೋಡುತ್ತಾರೆ, ಆಮೇಲೆ ಯಂತ್ರಕ್ಕೆ ಸುರಿಯುತ್ತಾರೆ. ಯಂತ್ರ ತೇವಾಂಶ ತೋರಿಸುತ್ತದೆ. ಬೆಂಬಲ ಬೆಲೆ ಕೇಂದ್ರದಲ್ಲಿ ಸೋಯಾಕ್ಕೆ ಮಿತಿ ಶೇ 12. ‘ಹಸಿ ಅದ ಕಾಕಾ, ಎರಡು ದಿನ ಬಿಸಲಿಗಿ ಹಾಕ್ರಿ.’ ‘ಬಿಸಲ ಎಲ್ಲಿ ಅದ ಹೇಳಪ್ಪ?’ ಈ ಮಾತು ಪ್ರತಿ ಅಕ್ಟೋಬರ್‌ನಲ್ಲಿ ಕೇಳಿಬರುತ್ತದೆ. 2024ರ ಹಂಗಾಮಿನಲ್ಲಿ ಕೇಂದ್ರ ಸರಕಾರವೇ ಆ ಮಿತಿಯನ್ನು ಶೇ 15ಕ್ಕೆ ಸಡಿಲಿಸಬೇಕಾಯಿತು. ಹವಾಮಾನ ಬದಲಾದರೆ ಖರೀದಿಯ ನಿಯಮವೂ ಬದಲಾಗಬೇಕು ಎಂಬುದಕ್ಕೆ ಇದೊಂದು ಸಣ್ಣ, ಒಳ್ಳೆಯ ಉದಾಹರಣೆ.

ಹಿಂಗಾರಿಗೆ ಬಂದರೆ ಕತೆ ಬೇರೆ. ಕಡಲೆ, ಬಿಳಿಜೋಳ ಬದುಕುವುದು ಎರೆ ಮಣ್ಣು ಹಿಡಿದಿಟ್ಟ ಹಸಿ ಮತ್ತು ರಾತ್ರಿಯ ಚಳಿಯ ಮೇಲೆ. ಹಗಲಿಗಿಂತ ರಾತ್ರಿಯ ಬಿಸಿ ಇವಕ್ಕೆ ಹೆಚ್ಚು ಕೆಡುಕು. ಮೋಡ ಮುಚ್ಚಿದ ಬೆಚ್ಚನೆ ಡಿಸೆಂಬರ್ ಬಂದರೆ ಕಡಲೆಗೆ ಕಾಯಿಕೊರಕದ ಕಾಟ, ಕಾಳು ಬೇಗ ಬಲಿತು ಸಣ್ಣಗಾಗುತ್ತದೆ. ಎಳ್ಳಮಾವಾಸ್ಯೆಯ ದಿನ ಹೊಲದಲ್ಲಿ ಕುಳಿತು ಉಣ್ಣುವ ಭಜ್ಜಿ ಇಲ್ಲಿಯವರಿಗೆ ವರ್ಷದ ಲೆಕ್ಕಪತ್ರವೂ ಹೌದು: ಹಸಿ ತೊಗರಿ, ಹಸಿ ಕಡಲೆ, ಅವರೆ ನಮ್ಮ ಹೊಲದ್ದೇ ಬಿತ್ತೋ, ಪೇಟೆಯಿಂದ ಬಂತೋ ಎಂಬುದು ಅಂಬಲಿ ಸುರಿಯುವ ಹೊತ್ತಿಗೆ ಎಲ್ಲರಿಗೂ ಗೊತ್ತಾಗಿಬಿಡುತ್ತದೆ.

ಏನು ಮಾಡಬಹುದು? ದೊಡ್ಡ ಮಾತು ಆಮೇಲೆ, ಮೊದಲು ಹೊಲದ್ದು.

ಬಿತ್ತುವ ದಿನವನ್ನು ನಕ್ಷತ್ರಕ್ಕೆ ಬಿಡದೆ ಮಣ್ಣಿನ ಹಸಿಗೆ ಬಿಡಬೇಕು. ಸೋಯಾಕ್ಕೆ 75ರಿಂದ 100 ಮಿ.ಮೀ. ಮಳೆಯಾಗುವ ತನಕ ಕಾಯಬೇಕು ಎನ್ನುತ್ತಾರೆ ಕೃಷಿ ವಿಜ್ಞಾನಿಗಳು. ಅಳೆಯಲು ಯಂತ್ರ ಬೇಡ. ನೇರ ಗೋಡೆಯ ಒಂದು ಸ್ಟೀಲ್ ಡಬ್ಬಿಯನ್ನು ಗಿಡದ ನೆರಳಿಲ್ಲದ ಕಡೆ ಇಟ್ಟು, ಬೆಳಿಗ್ಗೆ ಸ್ಕೇಲಿನಿಂದ ನೀರಿನ ಆಳ ನೋಡಿದರಾಯಿತು. ಒಂದು ಸೆಂಟಿಮೀಟರ್ ಅಂದರೆ ಹತ್ತು ಮಿ.ಮೀ. ಕಾಯುವ ಆ ದಿನಗಳಲ್ಲೇ ಬೀಜದ ಪರೀಕ್ಷೆಯೂ ಆಗಲಿ. ನೂರು ಕಾಳು ಎಣಿಸಿ ಒದ್ದೆ ಗೋಣಿಚೀಲದಲ್ಲಿ ಸಾಲಾಗಿ ಇಟ್ಟು ಸುತ್ತಿ, ನೀರು ಚಿಮುಕಿಸುತ್ತ ಒಂದು ವಾರ ನೋಡಬೇಕು. ಎಪ್ಪತ್ತಕ್ಕಿಂತ ಕಡಿಮೆ ಮೊಳೆತರೆ ಬೀಜದ ಪ್ರಮಾಣ ಹೆಚ್ಚಿಸಬೇಕು, ಇಲ್ಲವೇ ಬೇರೆ ಬೀಜ ನೋಡಬೇಕು. ಸೋಯಾ ಕಾಳಿನ ಸಿಪ್ಪೆ ತೆಳು. ಲಾರಿಯಿಂದ ಚೀಲ ಎತ್ತಿ ಒಗೆದರೂ ಮೊಳಕೆ ಕೆಡುತ್ತದೆ.

ಎರಡನೆಯದು ಹೊಲದ ಆಕಾರ. ಬೀದರಿನಿಂದ ಹೈದರಾಬಾದ್ ರಸ್ತೆಯಲ್ಲಿ ಹೋದರೆ ಸಿಗುವ ಪಟಾನ್‌ಚೆರುವಿನಲ್ಲಿ 1972ರಿಂದ ಇಕ್ರಿಸ್ಯಾಟ್ ಎಂಬ ಅಂತರರಾಷ್ಟ್ರೀಯ ಸಂಶೋಧನಾ ಕೇಂದ್ರವಿದೆ. ಕರಿ ಮಣ್ಣಿಗೆಂದೇ ಅವರು ರೂಢಿಗೆ ತಂದದ್ದು ಏರುಮಡಿ ಮತ್ತು ಬೋದು ಪದ್ಧತಿ: ಸುಮಾರು ಒಂದು ಮೀಟರ್ ಅಗಲದ ತುಸು ಎತ್ತರದ ಮಡಿ, ಪಕ್ಕದಲ್ಲಿ ಅರ್ಧ ಮೀಟರ್ ಬೋದು, ಇಡೀ ಹೊಲಕ್ಕೆ ಅತಿ ಸಣ್ಣ ಇಳಿಜಾರು. ಮಳೆ ಜಾಸ್ತಿಯಾದರೆ ನೀರು ಬೋದಿನಲ್ಲಿ ಮೆಲ್ಲಗೆ ಹರಿದು ಹೋಗುತ್ತದೆ, ಬೇರು ಮಡಿಯ ಮೇಲೆ ಉಸಿರಾಡುತ್ತದೆ. ಮಳೆ ಕಡಿಮೆಯಾದರೆ ಅದೇ ಬೋದಿನ ಬಾಯಿ ಕಟ್ಟಿದರೆ ನೀರು ಅಲ್ಲೇ ಇಂಗುತ್ತದೆ. ಒಣ ಬರಕ್ಕೂ ಹಸಿ ಬರಕ್ಕೂ ಒಂದೇ ಉತ್ತರ ಇರುವ ಉಪಾಯಗಳು ಕಡಿಮೆ, ಇದು ಅಂಥದ್ದು. ಟ್ರ್ಯಾಕ್ಟರಿಗೆ ಜೋಡಿಸುವ ಈ ಕೂರಿಗೆ ಪ್ರತಿ ರೈತ ಕೊಳ್ಳುವಂಥದ್ದಲ್ಲ, ಬಾಡಿಗೆಗೆ ಸಿಗಬೇಕು. ಬಿತ್ತನೆಯ ಹತ್ತು ದಿನದಲ್ಲಿ ಎಲ್ಲರಿಗೂ ಒಮ್ಮೆಲೇ ಬೇಕಾಗುವುದು ತೊಡಕು. ಬೀದರಿನ ಕೃಷಿ ವಿಜ್ಞಾನ ಕೇಂದ್ರದಲ್ಲಿ ವಿಚಾರಿಸುವವರು ಮೇ ತಿಂಗಳಲ್ಲೇ ವಿಚಾರಿಸಬೇಕು.

ಸೋಯಾ ಒಂದನ್ನೇ ಹಾಕದೆ ನಡುವೆ ತೊಗರಿ ಸಾಲು ಬಿಡುವುದು ಹಳೆಯ ಜಾಣತನ. ಸೋಯಾ ನೂರು ದಿನದ ಬೆಳೆ, ತೊಗರಿ ಐದಾರು ತಿಂಗಳಿನದು, ಬೇರು ಆಳ. ಒಂದನ್ನು ಕೆಡಿಸಿದ ಮಳೆ ಇನ್ನೊಂದಕ್ಕೆ ತಡೆದುಕೊಳ್ಳುವಂಥದ್ದಾಗಿರಬಹುದು. ಆದರೆ ತೊಗರಿಗೂ ನೀರು ನಿಂತರೆ ಆಗಿಬರುವುದಿಲ್ಲ. 2022ರ ಹಂಗಾಮಿನಲ್ಲಿ ಕಲಬುರಗಿ, ಬೀದರ್ ಕಡೆ ನೆಟೆ ರೋಗ ಹೊಲಕ್ಕೆ ಹೊಲವನ್ನೇ ಒಣಗಿಸಿದ್ದು ನೆನಪಿರಬಹುದು. ನೆಟೆ ತಡೆಯುವ ಟಿಎಸ್-3ಆರ್‌ನಂಥ ತಳಿ, ನೀರು ಬಸಿಯುವ ಬೋದು ಎರಡೂ ಬೇಕು.

ಕೃಷಿ ಹೊಂಡದ ಬಗ್ಗೆ ನನ್ನ ಅಭಿಪ್ರಾಯ ತುಸು ಬೇರೆ. 2014ರಲ್ಲಿ ಶುರುವಾದ ಕೃಷಿ ಭಾಗ್ಯದಲ್ಲಿ 21 ಮೀಟರ್ ಉದ್ದ, 21 ಮೀಟರ್ ಅಗಲ, 3 ಮೀಟರ್ ಆಳದ ಹೊಂಡಗಳೂ ಆದವು. ಬದಿಯ ಇಳಿಜಾರು ಕಳೆದರೆ ಎಂಟು ಒಂಬತ್ತು ಲಕ್ಷ ಲೀಟರ್. ಆಗಸ್ಟ್‌ನ ಬಿಡುವಿನಲ್ಲಿ ಒಂದೆಕರೆಗೆ 30 ಮಿ.ಮೀ. ನೀರು ಕೊಡಲು 1.2 ಲಕ್ಷ ಲೀಟರ್ ಸಾಕು. ಅಂದರೆ ಪೋಲು ಕಳೆದೂ ನಾಲ್ಕೈದು ಎಕರೆಯನ್ನು ಒಂದು ಸಲ ಉಳಿಸಬಹುದು. ಹೊಂಡ ಇರುವುದು ಇದಕ್ಕೆ. ಅದನ್ನು ಬೇಸಿಗೆಗೆಂದು ಕೂಡಿಟ್ಟರೆ ಲೆಕ್ಕ ತಿರುವುಮುರುವು. ಏಪ್ರಿಲ್‌ನಲ್ಲಿ ದಿನಕ್ಕೆ ಒಂಬತ್ತು ಮಿ.ಮೀ. ಆವಿಯಾದರೂ ಅಷ್ಟು ಅಗಲದ ನೀರಿನಿಂದ ನಾಲ್ಕು ಸಾವಿರ ಲೀಟರ್ ಬಿಸಿಲೇ ಕುಡಿಯುತ್ತದೆ, ದಿನಾ.

ಬೇಸಿಗೆಯ ನೀರು ನೆಲದ ಕೆಳಗೇ ಇರಬೇಕು ಎಂಬುದನ್ನು ಬೀದರ್ ಹದಿನೈದನೇ ಶತಮಾನದಲ್ಲೇ ಅರಿತಿತ್ತು. ನೌಬಾದಿನ ಸುರಂಗ ಬಾವಿ, ಅಂದರೆ ಕರೇಜ್, ಬಹಮನಿಗಳ ಕಾಲದಲ್ಲಿ ಪರ್ಷಿಯಾದ ವಿದ್ಯೆಯಿಂದ ಆದದ್ದು. ಬೀದರ್ ನಗರ ಕುಳಿತಿರುವುದು ಕೆಂಪು ಮುರಕಲ್ಲಿನ ಮೇಲೆ, ಅದರಡಿ ಕರಿಕಲ್ಲು. ಮಳೆನೀರು ಮುರಕಲ್ಲಿನಲ್ಲಿ ಸಲೀಸಾಗಿ ಇಳಿಯುತ್ತದೆ, ಕರಿಕಲ್ಲು ಸಿಕ್ಕಿದ ಕಡೆ ತಡೆದು ಅಡ್ಡಕ್ಕೆ ಜಿನುಗುತ್ತದೆ. ಆ ಜಿನುಗುವ ಮಟ್ಟಕ್ಕೇ ಸುರಂಗ ಕೊರೆದು, ಸಣ್ಣ ಇಳಿಜಾರಿನಲ್ಲಿ ಪಂಪಿಲ್ಲದೆ ನೀರನ್ನು ಹೊರತಂದರು. ಮೇಲಿನಿಂದ ಗಾಳಿ ಬೆಳಕಿಗೆ ಸಾಲಾಗಿ ಬಾವಿಗಳು. 2014ರ ವಿಶ್ವ ಸ್ಮಾರಕ ನಿಗಾ ಪಟ್ಟಿಯಲ್ಲಿ ಬೀದರ್ ನಗರದ ಹೆಸರು ಸೇರಿತು, ಕರೇಜಿನ ಹೂಳೆತ್ತುವ ಕೆಲಸವೂ ನಡೆಯಿತು. ಆ ಸುರಂಗ ಭಾಲ್ಕಿಯ ಎರೆ ಹೊಲಕ್ಕೆ ಹೊಂದುವುದಿಲ್ಲ. ಆದರೆ ಅದರ ಬುದ್ಧಿ ಹೊಂದುತ್ತದೆ: ಒಡ್ಡು, ಇಂಗುಗುಂಡಿ, ಹೂಳೆತ್ತಿದ ಕೆರೆ, ಬೋರಿನ ಪಕ್ಕ ಮರುಪೂರಣ ಗುಂಡಿ ಎಲ್ಲವೂ ಒಂದೇ ರಾತ್ರಿ ಬಂದ ನೀರನ್ನು ಬಿಸಿಲಿಗೆ ಸಿಗದ ಜಾಗಕ್ಕೆ ಸಾಗಿಸುವ ಕೆಲಸಗಳೇ.

ಇನ್ನು ಕಬ್ಬು. ಒಂದು ಕಬ್ಬಿನ ಬೆಳೆಗೆ ಸುಮಾರು 2,000 ಮಿ.ಮೀ. ನೀರು ಬೇಕು, ಇಲ್ಲಿ ಬೀಳುವುದು 850. ಉಳಿದದ್ದು ಹೊಳೆಯಿಂದ, ಕಾರಂಜಾ ಕಾಲುವೆಯಿಂದ, ಬೋರಿನಿಂದ ಬರಬೇಕು. ಮಾಂಜ್ರಾ ಕಣಿವೆಯ ಉದ್ದಕ್ಕೂ, ಎರಡೂ ರಾಜ್ಯಗಳಲ್ಲಿ, ಸಕ್ಕರೆ ಕಾರ್ಖಾನೆಗಳಿವೆ. ರೈತನನ್ನು ಇದಕ್ಕೆ ಬೈಯುವುದು ತಪ್ಪು. ಆಲಿಕಲ್ಲು ಬಿದ್ದರೂ, ಎರಡು ದಿನ ನೀರು ನಿಂತರೂ ಕಬ್ಬು ಒಂದಷ್ಟು ಕೈಗೆ ಸಿಗುತ್ತದೆ. ಸರಕಾರ ಗೊತ್ತು ಮಾಡಿದ ಬೆಲೆಯೂ ಇದೆ. 2014ರ ಫೆಬ್ರುವರಿ–ಮಾರ್ಚ್‌ನ ಆಲಿಕಲ್ಲು ಮಳೆಯಲ್ಲಿ ಕಡಲೆ, ಜೋಳ ಕಳೆದುಕೊಂಡವರು ಕಬ್ಬಿಗೆ ಹೊರಳಿದರೆ ಅದರಲ್ಲಿ ಅರ್ಥವಿದೆ. ತೊಗರಿ, ಕಡಲೆಗೂ ಕಬ್ಬಿನಷ್ಟೇ ಖಾತ್ರಿಯ ಖರೀದಿ ಇದ್ದರೆ ಹೊಳೆಯ ನೀರು ಉಳಿಯುತ್ತದೆ. ನೀತಿ ಮಾಡುವವರು ಕೈ ಹಾಕದೆ ತಪ್ಪಿಸಿಕೊಳ್ಳುತ್ತಿರುವ ಜಾಗ ಇದು.

ಬೆಳೆ ಹೋದ ಮೇಲೆ ಸಿಗುವುದೆಷ್ಟು? ವಿಪತ್ತು ಪರಿಹಾರ ನಿಧಿಯ ಲೆಕ್ಕದಲ್ಲಿ ಮಳೆಯಾಶ್ರಿತ ಬೆಳೆಗೆ ಹೆಕ್ಟೇರಿಗೆ 8,500 ರೂಪಾಯಿ, ಅದೂ ಶೇ 33ಕ್ಕಿಂತ ಹೆಚ್ಚು ಹಾಳಾಗಿದ್ದರೆ, ಗರಿಷ್ಠ ಎರಡು ಹೆಕ್ಟೇರಿಗೆ. ಎಕರೆಗೆ 3,400. 2025ರಲ್ಲಿ ರಾಜ್ಯ ಸರಕಾರ ತನ್ನ ಕಡೆಯಿಂದ ಇನ್ನೊಂದು 8,500 ಸೇರಿಸುವುದಾಗಿ ಹೇಳಿತು. ಎರಡೂ ಕೂಡಿದರೂ ಬೀಜ, ಗೊಬ್ಬರ, ಕೂಲಿಯ ಖರ್ಚು ಏಳುವುದು ಕಷ್ಟ. ಹಾಗಾಗಿ ಫಸಲ್ ಬಿಮಾ ಬೇಕು. ಮುಂಗಾರು ಬೆಳೆಗೆ ವಿಮಾ ಮೊತ್ತದ ಶೇ 2, ಹಿಂಗಾರಿಗೆ ಶೇ 1.5 ರೈತನ ಕಂತು. ಇದರಲ್ಲಿ ಎರಡು ದಾರಿಗಳಿವೆ ಎಂಬುದು ಅನೇಕರಿಗೆ ತಿಳಿದಿಲ್ಲ. ಒಂದು, ಇಡೀ ಗ್ರಾಮ ಪಂಚಾಯಿತಿಯ ಸರಾಸರಿ ಇಳುವರಿ ಕುಸಿದರೆ ತಾನಾಗಿ ಬರುವುದು; ಅದಕ್ಕೆ ಬೆಳೆ ಕಟಾವು ಪ್ರಯೋಗ ಆಧಾರ. ಇನ್ನೊಂದು, ನಿಮ್ಮ ಹೊಲಕ್ಕೆ ಮಾತ್ರ ಆಲಿಕಲ್ಲು ಬಿದ್ದರೆ, ನೀರು ನಿಂತರೆ, ಇಲ್ಲವೇ ಕೊಯ್ದು ಹರಡಿದ ಬೆಳೆ ಹದಿನಾಲ್ಕು ದಿನದೊಳಗೆ ಮಳೆಗೆ ಸಿಕ್ಕರೆ ಬರುವುದು. ಈ ಎರಡನೆಯದಕ್ಕೆ 72 ತಾಸಿನೊಳಗೆ ದೂರು ದಾಖಲಾಗಬೇಕು. 14447ಕ್ಕೆ ಕರೆ ಮಾಡಿ, ದೂರಿನ ಸಂಖ್ಯೆ ಬರೆದುಕೊಳ್ಳಿ, ನೀರು ಇಳಿಯುವ ಮುಂಚೆಯೇ ಹೊಲದ ಫೋಟೊ ತೆಗೆದಿಡಿ. ಪಂಚನಾಮೆಗೆ ಯಾರೋ ಬರುತ್ತಾರೆಂದು ನಾಲ್ಕನೇ ದಿನದ ತನಕ ಕಾದವರದು ಆಮೇಲೆ ಬರೀ ಅಲೆದಾಟ.

ಬಿಸಿಲಿಗೆ ಈ ಭಾಗ ಹಿಂದಿನಿಂದಲೇ ಒಂದು ಹೊಂದಾಣಿಕೆ ಮಾಡಿಕೊಂಡಿದೆ: ಏಪ್ರಿಲ್, ಮೇ ತಿಂಗಳಲ್ಲಿ ಕಲಬುರಗಿ ವಿಭಾಗದ ಸರಕಾರಿ ಕಚೇರಿಗಳು ಬೆಳಿಗ್ಗೆ 8ರಿಂದ ಮಧ್ಯಾಹ್ನ 1.30ರವರೆಗೆ ಮಾತ್ರ. ಹೊಲದ, ಇಟ್ಟಿಗೆ ಭಟ್ಟಿಯ, ರಸ್ತೆ ಕೆಲಸದ ಕೂಲಿಗೆ ಅಂಥ ವೇಳಾಪಟ್ಟಿ ಇಲ್ಲ. ಸಿಡಿಲಿನ ಮಾತೂ ಒಂದಿದೆ. ಪುಣೆಯ ಹವಾಮಾನ ಸಂಸ್ಥೆಯ ‘ದಾಮಿನಿ’ ಆ್ಯಪ್ ಸುತ್ತಮುತ್ತ ಸಿಡಿಲು ಹತ್ತಿರವಾದಾಗ ಎಚ್ಚರಿಸುತ್ತದೆ. ಕುರಿ ಕಾಯುವವರ ಫೋನಿನಲ್ಲಿ ಇರಲೇಬೇಕಾದದ್ದು.

ದೊಡ್ಡ ಮಾತು ಅಂದೆನಲ್ಲ, ಅದು ಹೊಗೆ ಇಳಿಸುವುದು. 2015ರ ಪ್ಯಾರಿಸ್ ಒಪ್ಪಂದ ಏರಿಕೆಯನ್ನು ಎರಡು ಡಿಗ್ರಿಗಿಂತ ಸಾಕಷ್ಟು ಕೆಳಗೆ, ಸಾಧ್ಯವಾದರೆ 1.5ಕ್ಕೆ ನಿಲ್ಲಿಸುವ ಗುರಿ ಇಟ್ಟಿತು. 2070ಕ್ಕೆ ಭಾರತದ ನಿವ್ವಳ ಹೊರಸೂಸುವಿಕೆ ಸೊನ್ನೆ ಎಂದು 2021ರಲ್ಲಿ ಗ್ಲಾಸ್ಗೊದಲ್ಲಿ ಪ್ರಧಾನಿ ಘೋಷಿಸಿದರು. ಕರ್ನಾಟಕ ಪಾವಗಡದಲ್ಲಿ 2,050 ಮೆಗಾವಾಟ್ ಸೌರ ಪಾರ್ಕ್ ಕಟ್ಟಿದೆ. ರೈತರಿಗೆ ಹತ್ತಿರದ್ದು ಕುಸುಮ್ ಯೋಜನೆಯ ಸೌರ ಪಂಪು. ಕೇಂದ್ರ ಶೇ 30, ರಾಜ್ಯ ಶೇ 50 ಕೊಟ್ಟು ರೈತನ ಪಾಲು ಶೇ 20ಕ್ಕೆ ಇಳಿದಿದೆ. ರಾತ್ರಿ ಎರಡಕ್ಕೆ ಕರೆಂಟು ಬಂತೆಂದು ಹಾವು ಚೇಳಿನ ನಡುವೆ ಓಡುವ ಕಷ್ಟ ತಪ್ಪುತ್ತದೆ, ಆ 18 ಕೆ.ಜಿ. ಹೊಗೆಯೂ ತಪ್ಪುತ್ತದೆ. ಆದರೆ ಬಿಸಿಲಿಗೆ ಬಿಲ್ಲಿಲ್ಲ. ಬೆಳಗಿನಿಂದ ಸಂಜೆ ತನಕ ಪಂಪು ಓಡಿ ಬೋರು ಬೇಗ ಬತ್ತುವ ಅಪಾಯವೂ ಅದರಲ್ಲೇ ಇದೆ. ಹನಿ ನೀರಾವರಿಯ ಪೈಪಿಲ್ಲದೆ ಸೌರ ಪಂಪು ಕೊಡಬಾರದು ಎಂಬುದು ನನ್ನ ವಾದ. ಪರಿಸರ ದಿನವೆಂದು ಜೂನ್ 5ರಂದು ಫೋಟೊಕ್ಕಾಗಿ ನೆಡುವ ಸಸಿಗಳ ಬಗ್ಗೆ ಹೇಳುವುದೇನೂ ಇಲ್ಲ. ಅದೇ ಸಸಿ ಬದುವಿನ ಮೇಲೆ ಬೇವು, ಹುಣಸೆಯಾಗಿ ಮೂರು ಬೇಸಿಗೆ ದಾಟಿದರೆ ಮಾತಾಡೋಣ.

ಈಗ ಈ ಸೀಮೆಯವರ ಕಣ್ಣು ಮೆಹಕರ ಏತ ನೀರಾವರಿ ಯೋಜನೆಯ ಮೇಲಿದೆ. ಮಾಂಜ್ರಾದಿಂದ ನೀರೆತ್ತಿ ಕೆರೆ ತುಂಬಿಸುವ ಯೋಜನೆ. ಒಳ್ಳೆಯದೇ. ಆದರೆ ಮೇಲಿನ ಲೆಕ್ಕ ಇಲ್ಲಿಗೂ ಅನ್ವಯಿಸುತ್ತದೆ. ಹೊಳೆಯಲ್ಲಿ ಎತ್ತಲು ನೀರಿರುವುದು ಇನ್ನು ಮುಂದೆ ತಿಂಗಳುಗಟ್ಟಲೆ ಅಲ್ಲ, ಧನೇಗಾಂವದ ಗೇಟು ತೆರೆದ ಕೆಲವು ವಾರ. ಆ ಕೆಲವು ವಾರದಲ್ಲಿ ಪಂಪು, ಕರೆಂಟು, ಪೈಪು ಮೂರೂ ಸಿದ್ಧವಿರಬೇಕು. ತುಂಬಬೇಕಾದ ಕೆರೆಯ ಹೂಳು ಅದಕ್ಕೂ ಮುಂಚೆ ಮೇ ತಿಂಗಳಲ್ಲೇ ಎತ್ತಿರಬೇಕು, ಕೋಡಿ ಗಟ್ಟಿ ಇರಬೇಕು. ಮೇಲಿನ ಅಣೆಕಟ್ಟಿನಿಂದ ಎಷ್ಟು ನೀರು, ಯಾವ ತಾಸಿಗೆ ಬಿಡುತ್ತಾರೆ ಎಂಬ ಸುದ್ದಿ ಗಡಿ ದಾಟಿ ದಂಡೆಯ ಊರುಗಳಿಗೆ ಗೇಟು ತೆರೆಯುವ ಮುಂಚೆ ಮುಟ್ಟಬೇಕು. ದಂಡೆಯ ಹೊಲದ ಪಂಪುಸೆಟ್ಟು ಎತ್ತಿಡಲು, ದನ ಮೇಲಕ್ಕೆ ಹೊಡೆಯಲು ಒಂದು ರಾತ್ರಿಯಾದರೂ ಬೇಕು.